ತಾತನಿಗೆ ಮಾತ್ರ ಕಂಡ ನೆರಳು

ಇವತ್ತು ಮಗಳು ಗೇಮ್ ಆಡ್ತಾ, "ಶ್ಯಾಡೋ ಸುಮ್ನೆ ಕುಣೀತಿದೆ, ಆಫ್ ಮಾಡ್ಬಿಡ್ತೀನಿ" ಅಂದಳು. ನನಗೆ ಚಾಮರಾಜಪೇಟೆ ಮನೆಯ ಹಾಲ್, ಅಲ್ಲಿ ಅಜ್ಜಿಯ ಹಳೇ ಸೀರೆ ಹೊದೆಸುತ್ತಿದ್ದ ಕಂಪ್ಯೂಟರು ನೆನಪಾದವು.

ಮೇಷ್ಟ್ರ ಕೆಲಸದಿಂದ ನಿವೃತ್ತರಾಗಿದ್ದ ತಾತನಿಗೆ ಕಾರ್ ರೇಸಿನ ಹುಚ್ಚು. ತಿರುವು ಬಂದರೆ ಕುರ್ಚಿಯಲ್ಲೇ ವಾಲುತ್ತಿದ್ದರು. ಒಂದು ಸಂಜೆ ಆಟದಲ್ಲಿ ಮರಗಳ ನೆರಳೆಲ್ಲ ಕಪ್ಪಗೆ ಕುಣಿಯತೊಡಗಿತು. ಅಕ್ಕ ಸೆಟ್ಟಿಂಗ್ಸಿಗೆ ಹೋಗಿ ನೆರಳು ತೆಗೆದಳು.

"ಹೋಯ್ತಾ ತಾತ?"

"ಮರದ್ದೆಲ್ಲ ಹೋಯ್ತಮ್ಮ. ಎಡಗಡೆ ಮೂಲೇಲಿ ಒಂದು ಹಾಗೇ ಇದೆ."

ನಮಗೇನೂ ಕಾಣಲಿಲ್ಲ. ಆದರೂ ಅಕ್ಕ ಕಂಪ್ಯೂಟರಿನ ಡ್ರೈವರ್ ಸಾಫ್ಟ್‌ವೇರ್ ಬದಲಿಸಿದಳು. ಅಪ್ಪ ಸಿಪಿಯು ಹೊತ್ತುಕೊಂಡು ರಿಪೇರಿ ಅಂಗಡಿಗೆ ಹೋಗಿಬಂದರು. ವಾರಗಳೇ ಕಳೆದವು. ಕೊನೆಗೆ ಪಕ್ಕದ ಮನೆಯ ಮಾನಿಟರ್ ತಂದು ಜೋಡಿಸಿದೆವು.

"ಇದರಲ್ಲೂ ಅದೇ ಜಾಗದಲ್ಲಿದೆಯಲ್ಲ" ಅಂದರು ತಾತ.

ಅಮ್ಮ ಅಡುಗೆಮನೆಯಿಂದ ಕೈ ಒರೆಸಿಕೊಳ್ಳುತ್ತಾ ಬಂದಳು. "ಮಾವ, ಎಡಗಣ್ಣು ಮುಚ್ಕೊಂಡು ನೋಡಿ."

ನೆರಳು ಮಾಯವಾಯಿತು.

ಕಣ್ಣಿನೊಳಗಿನ ಪರದೆ ಕಳಚಿಕೊಂಡಿದೆ, ಮೊದಲೇ ಬಂದಿದ್ದರೆ ಉಳಿಸಬಹುದಿತ್ತು ಅಂದರು ಡಾಕ್ಟರು. ಆ ಕಣ್ಣು ಹೋಯಿತು. ಆಮೇಲೂ ತಾತ ಕತ್ತು ಓರೆ ಮಾಡಿಕೊಂಡು ಆಡಿದರು, ಕಾರನ್ನು ಗೋಡೆಗೆ ಗುದ್ದಿಸಿ ತಾವೇ ನಕ್ಕರು. ಅಳುತ್ತಿದ್ದ ಅಕ್ಕನಿಗೆ, "ನೀನು ತೆಗೆದ ನೆರಳು ಸರಿಯಾಗೇ ಹೋಗಿತ್ತು ಕಣಮ್ಮ" ಅಂದರು. ಅದು ಅವಳ ಅಳು ನಿಲ್ಲಿಸಲಿಲ್ಲ.

ಈಗ ಮನೆಯಲ್ಲಿ ಯಾರಾದರೂ ಟಿವಿ ಮಸುಕಾಗಿದೆ ಅಂದರೆ, ನಾನು ಮೊದಲು ಟಿವಿ ಕಡೆ ನೋಡುವುದಿಲ್ಲ.