ಜಗಲಿಯಲ್ಲಿ ನನಗೊಂದು ಎಲೆ

2023ರ ಮಳೆಗಾಲ ಮುಗಿಯುವ ಹೊತ್ತಿಗೆ ನಾನು ಟೂರ್ ಲೀಡರ್ ಆಗಿ ಹನ್ನೆರಡನೆಯ ವರ್ಷಕ್ಕೆ ಕಾಲಿಟ್ಟಿದ್ದೆ. ಅದಕ್ಕೆ ಮೊದಲು ಬೆಳ್ಳಾರೆ ಕಡೆಯ ಒಂದು ಹೈಸ್ಕೂಲಿನಲ್ಲಿ ಪಿ.ಟಿ. ಟೀಚರ್ ಆಗಿದ್ದವಳು. ಮಕ್ಕಳನ್ನು ಸಾಲಾಗಿ ನಡೆಸಿ ಅಭ್ಯಾಸವಿತ್ತು, ಆಮೇಲೆ ದೊಡ್ಡವರನ್ನು ನಡೆಸಲು ಹೊರಟೆ. ದೊಡ್ಡವರು ಮಕ್ಕಳಿಗಿಂತ ಹೆಚ್ಚು ಸಾಲು ತಪ್ಪುತ್ತಾರೆ ಎಂಬುದು ಮೊದಲ ವರ್ಷವೇ ಗೊತ್ತಾಯಿತು. ಬೇರೆ ಬೇರೆ ಊರುಗಳಿಂದ ರೈಲಿನಲ್ಲಿ ಪುತ್ತೂರಿಗೆ ಬಂದಿಳಿಯುವ ಜನರನ್ನು ನಾಲ್ಕು ದಿನ ಗದ್ದೆಯ ಬದುಗಳ ಮೇಲೆ ನಡೆಸಿ, ಕಾಲು ಮುರಿಯದಂತೆ ವಾಪಸು ರೈಲು ಹತ್ತಿಸುವುದು ನನ್ನ ಕೆಲಸ.

ಟ್ರೆಕ್ ಎಂದ ಕೂಡಲೇ ಜನ ಶಿಖರ ಎಂದುಕೊಳ್ಳುತ್ತಾರೆ. ನನ್ನದು ಶಿಖರ ಹತ್ತಿಸುವ ಕೆಲಸವಲ್ಲ. ನಮ್ಮ ಕಡೆ ಭತ್ತದ ಗದ್ದೆಗಳಲ್ಲಿ ಮೂರು ಬಗೆ: ತಗ್ಗಿನಲ್ಲಿ ನೀರು ನಿಲ್ಲುವುದು ಬೈಲು, ನಡುವಿನದು ಮಜಲು, ಮಳೆಯನ್ನೇ ನಂಬಿಕೊಂಡು ಮೇಲೆ ಇರುವುದು ಬೆಟ್ಟು. ಮೊದಲ ದಿನ ಬೈಲು, ಎರಡನೆಯ ದಿನ ಮಜಲು. ಮೂರನೆಯ ದಿನ ಘಟ್ಟದ ಬುಡದಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಏರುವ ಬೆಟ್ಟುಗದ್ದೆಗಳನ್ನು ಹತ್ತಿ ಮಲೆಕುಡಿಯ ಬುಡಕಟ್ಟಿನವರ ಒಂದು ಊರಿನಲ್ಲಿ ತಂಗುವುದು. ನಾಲ್ಕನೆಯ ದಿನ ಇನ್ನೊಂದು ಬದಿಯಿಂದ ಟಾರು ರಸ್ತೆಗೆ ಇಳಿದು ವ್ಯಾನು ಹತ್ತುವುದು. ಮಳೆ ಬಿಟ್ಟ ಮೇಲೆ, ಕೊಯ್ಲಿಗೆ ಮೊದಲು, ತೆನೆ ಬಾಗಿರುವ ಕೆಲವೇ ವಾರ ಇದರ ಸೀಸನ್.

ಆ ಊರು ಕಡಬ ತಾಲೂಕಿನಲ್ಲಿದೆ ಎಂದಷ್ಟೇ ಹೇಳುತ್ತೇನೆ. ಹೆಸರು ಹೇಳಿದರೆ ಮುಂದಿನ ವಾರವೇ ಯಾರಾದರೂ ಬೋರ್ಡು ಹಾಕಿಕೊಂಡು ಹೊರಡುತ್ತಾರೆ. ನನ್ನ ಹೊಟ್ಟೆಕಿಚ್ಚು ಇನ್ನೂ ಪೂರ್ತಿ ಆರಿಲ್ಲ ಎಂಬುದು ಓದುಗರಿಗೆ ಇಲ್ಲಿಯೇ ತಿಳಿದಿರುವುದು ಒಳ್ಳೆಯದು.

ಅಲ್ಲಿ ನಾವು ತಂಗುತ್ತಿದ್ದದ್ದು ಮೇಲಿನ ಮನೆಯಲ್ಲಿ, ಗಿರಿಜ ಎಂಬಾಕೆಯ ಮನೆ. ನನಗಿಂತ ನಾಲ್ಕೈದು ವರ್ಷ ಸಣ್ಣವಳು. ಮನೆಯಲ್ಲಿ ತುಳು, ನನ್ನೊಡನೆ ಕನ್ನಡ, ಸಿಟ್ಟು ಬಂದರೆ ಎರಡೂ. ಅವಳ ಗದ್ದೆಯ ಕೆಳಗಿನ ಮನೆ ಅವಳ ಓರಗಿತ್ತಿ ಹೊನ್ನಮ್ಮನದು. ಅಂದರೆ ಗಂಡನ ತಮ್ಮನ ಹೆಂಡತಿ. ಎರಡೂ ಮನೆಗಳ ನಡುವೆ ಒಂದು ಬೇಲಿ, ಆ ಬೇಲಿಗೆ ಎರಡೂ ಕಡೆ ಕಿವಿ.

ಗಿರಿಜಳ ಮನೆಯ ಊಟಕ್ಕೆ ಒಂದು ಕ್ರಮ ಇತ್ತು. ಬಂದ ನೆಂಟರಿಗೆ ಜಗಲಿಯಲ್ಲಿ ಬಾಳೆಲೆ ಹಾಕಿ ಮೊದಲು ಬಡಿಸುವುದು. ಕುಚ್ಚಲಕ್ಕಿ ಅನ್ನ, ಎಳೆ ಬಿದಿರಿನ ಕಣಿಲೆ ಗಸಿ, ಹಪ್ಪಳ, ಪಾಯಸ. ಮನೆಯವರು ಎಲ್ಲ ಮುಗಿದ ಮೇಲೆ ಅಡುಗೆಮನೆಯಲ್ಲಿ ಒಲೆಯ ಬಳಿ ಕೂತು ಉಳಿದ ಗಂಜಿ ಉಣ್ಣುವುದು. ಆ ಗಂಜಿಯ ಜೊತೆಗೆ ಒಣ ಸಿಗಡಿ ಚಟ್ನಿ ಇರುತ್ತದೆ, ಅದು ಜಗಲಿಗೆ ಬರುವುದೇ ಇಲ್ಲ. ನನ್ನ ಗಿರಾಕಿಗಳು ಜಗಲಿಯ ಪಾಯಸದ ಬಗ್ಗೆ ರಿವ್ಯೂ ಬರೆದುಕೊಂಡಿದ್ದರು. ನಾನು ಎರಡನೆಯ ವರ್ಷದಿಂದ ಒಳಗೆ ಕೂತು ಉಂಡವಳು. ಒಳಗೆ ಕರೆದ ದಿನ ಗಿರಿಜ ಏನೂ ದೊಡ್ಡ ಮಾತು ಆಡಿರಲಿಲ್ಲ. "ಅಕ್ಕ, ನಿಮ್ಗೆ ಎಲೆ ಹಾಕ್ಲಿಲ್ಲ, ಮತ್ತೆ ಒಟ್ಟಿಗೆ ಉಣ್ಣುವ" ಎಂದಿದ್ದಳು. ಅಷ್ಟೇ.

ಇನ್ನು ನಿತಿನ್. ನಡೆಯುವ ಸಾಲಿನ ಕೊನೆಯಲ್ಲಿ ಇರುವವನನ್ನು ನಮ್ಮ ಕಸುಬಿನಲ್ಲಿ ಸ್ವೀಪ್ ಎನ್ನುತ್ತಾರೆ. ಹಿಂದೆ ಬಿದ್ದವರನ್ನು ಕೂಡಿಸಿಕೊಂಡು, ಜಿಗಣೆ ಕಿತ್ತು, ಧೈರ್ಯ ಹೇಳಿ ಕರೆತರುವುದು ಅವನ ಕೆಲಸ. ನಿತಿನ್ ಎರಡು ಸೀಸನ್ ನನ್ನ ಸ್ವೀಪ್ ಆಗಿದ್ದ. ಮೂವತ್ತರ ಹರೆಯ, ನಗುಮುಖ, ಯಾರ ಮನೆಗೆ ಹೋದರೂ ಕೇಳದೆ ಕೊಡಪಾನ ಎತ್ತಿಕೊಂಡು ನೀರಿಗೆ ಹೊರಡುವ ಜಾತಿ. ಆ ವರ್ಷ ಅವನು ಪುತ್ತೂರಿನಲ್ಲಿ ಸ್ವಂತ ಆಫೀಸು ತೆರೆದ. ತೆರೆಯಲಿ, ಬೇಡ ಎನ್ನಲು ನಾನು ಯಾರು? ಆದರೆ ಅವನ ಐಟಿನರಿ ನೋಡಿದಾಗ ಹೊಟ್ಟೆಗೆ ಬೆಂಕಿ ಬಿತ್ತು. ಬೈಲು, ಮಜಲು, ಬೆಟ್ಟು, ಮೂರನೆಯ ದಿನ ಮೇಲಿನ ಮನೆ. ಉಂಡ ಮನೆಯ ಜಂತೆ ಎಣಿಸಿದವನು ಎಂದು ಸುಳ್ಯದಿಂದ ಅರಂತೋಡಿನವರೆಗೆ ಸಿಕ್ಕಿದವರಿಗೆಲ್ಲ ಹೇಳಿದೆ. ಕೇಳಿದವರು ಹೌದೌದು ಎಂದು ತಲೆ ಆಡಿಸಿ ಅವನ ಫೋನ್ ನಂಬರ್ ಕೇಳಿದರು.

ಪ್ರತಿವರ್ಷ ಚೌತಿ ಕಳೆದ ಮೇಲೆ ಗಿರಿಜಳಿಗೆ ಒಂದು ವಾಯ್ಸ್ ಮೆಸೇಜ್ ಹಾಕುತ್ತಿದ್ದೆ: ಇಂಥ ವಾರದಿಂದ ಬರುತ್ತೇನೆ. ಅವಳಿಂದ ಬರುತ್ತಿದ್ದ ಉತ್ತರದಲ್ಲಿ ಕೋಳಿಗಳ ಸದ್ದು, ಊರಿನ ಸುದ್ದಿ, ನನ್ನ ಮೊಣಕಾಲಿನ ವಿಚಾರಣೆ ಎಲ್ಲ ಇರುತ್ತಿತ್ತು. ಆ ವರ್ಷ ಬಂದದ್ದು ಒಂದೇ ವಾಕ್ಯ. "ಬನ್ನಿ ಮೇಡಂ, ಊಟಕ್ಕೆ ವ್ಯವಸ್ಥೆ ಉಂಟು."

ಮೇಡಂ! ಹನ್ನೊಂದು ವರ್ಷದ ಅಕ್ಕ ಒಂದೇ ಮಳೆಗಾಲದಲ್ಲಿ ಮೇಡಂ ಆದದ್ದು ಹೇಗೆ? ಇದು ನಿತಿನನದೇ ಕಿತಾಪತಿ ಎಂದು ತೀರ್ಮಾನಿಸಿ ಒಂಬತ್ತು ಜನರ ತಂಡ ಕಟ್ಟಿಕೊಂಡು ಹೊರಟೆ. ಎರಡು ದಿನ ಬೈಲು, ಮಜಲುಗಳ ಸೊಬಗನ್ನು ವಿವರಿಸಿದೆನಂತೆ. ಏನು ಹೇಳಿದೆನೋ ನೆನಪಿಲ್ಲ. ಮನಸ್ಸಿನಲ್ಲಿ ಇದ್ದದ್ದು ಒಂದೇ ಲೆಕ್ಕಾಚಾರ. ಮೇಲಿನ ಮನೆ ತಪ್ಪಿದರೆ ವಾರ ವಾರವೂ ತಂಡವನ್ನು ತಂಗಿಸಲು ಆ ಬದಿಯಲ್ಲಿ ನನಗೆ ಒಪ್ಪಿಕೊಂಡ ಮನೆ ಬೇರೆ ಇಲ್ಲ, ಕೆಳಗಿನ ಮನೆ ಒಂದು ರಾತ್ರಿಗೆ ಆದೀತು, ಇಡೀ ಸೀಸನ್ನಿಗಲ್ಲ. ಮಜಲಿನಿಂದ ಹೊರಟು ಒಂದೇ ದಿನದಲ್ಲಿ ಬೆಟ್ಟು ಹತ್ತಿ ಆಚೆ ಇಳಿಯುವುದು ಸಾಮಾನ್ಯ ಜನರ ಕೈಲಿ ಆಗದು. ಮೂರನೆಯ ದಿನ ಇಲ್ಲದಿದ್ದರೆ ನಾಲ್ಕನೆಯದೂ ಇಲ್ಲ. ನಾನು ಕಾಲಿನಲ್ಲಿ ಅಳೆದು ಕಟ್ಟಿದ ದಾರಿ ಎರಡು ದಿನದ ಪಿಕ್‌ನಿಕ್ ಆಗಿ ಮುಗಿಯುತ್ತಿತ್ತು.

ಮೂರನೆಯ ದಿನ ಮಧ್ಯಾಹ್ನಕ್ಕೆ ಮೊದಲೇ ಮೇಲಿನ ಮನೆ ತಲುಪಿದೆವು. ಜಗಲಿಯ ತುಂಬ ಬೇರೆಯವರ ಬ್ಯಾಗುಗಳು. ಅಂಗಳದಲ್ಲಿ ಬೇರೆಯವರ ಶೂಗಳು. ಅಡುಗೆಮನೆಯ ಬಾಗಿಲಿನಲ್ಲಿ ನಿತಿನ್, ಪಂಚೆ ಮೇಲಕ್ಕೆ ಕಟ್ಟಿ, ಕೈಯಲ್ಲಿ ತೆಂಗಿನಕಾಯಿಯ ಹೋಳು. ಒಳಗೆ ಕೂತು ಕಾಯಿ ತುರಿಯುತ್ತಿದ್ದವನು ಎದ್ದು ಬಂದಿದ್ದ.

"ಬನ್ನಿ ಟೀಚರ್, ಬನ್ನಿ. ಕೂತ್ಕೊಳ್ಳಿ, ಬಾಯಾರಿಕೆಗೆ ಎಂತ ಬೇಕು?" ಎಂದ.

ನನ್ನದೇ ಮನೆಗೆ ನನ್ನನ್ನೇ ಬರಮಾಡಿಕೊಳ್ಳುವ ಆ ಗತ್ತು ನೋಡಿ ಮೈ ಉರಿಯಿತು. ನನ್ನ ಮನೆ ಅಲ್ಲ ಎಂಬುದು ಆ ಕ್ಷಣ ಹೊಳೆಯಲಿಲ್ಲ. ಗಿರಿಜ ಹೊರಗೆ ಬಂದಳು, ಎಲ್ಲರಿಗೂ ಬೆಲ್ಲ ನೀರು ಕೊಟ್ಟಳು, ನನಗೂ ಕೊಟ್ಟಳು, ಕ್ರಮ ತಪ್ಪಲಿಲ್ಲ. ಆಮೇಲೆ ಗೋಡೆಗೆ ಹೇಳುವಂತೆ ಹೇಳಿದಳು: "ಇವತ್ತು ಇಲ್ಲಿ ನಿತಿನನ ಜನ ಮಲಗುದು. ನಿಮ್ಮವ್ರಿಗೆ ಊಟ ಇಲ್ಲಿ, ಮಲಗ್ಲಿಕ್ಕೆ ಕೆಳಗಿನ ಮನೆಯಲ್ಲಿ. ನಿಮ್ಗೆ ಅಲ್ಲಿ ಅಭ್ಯಾಸ ಉಂಟಲ್ಲ ಮೇಡಂ."

"ಮುಂದಿನ ವಾರ?" ಎಂದು ಕೇಳಿದೆ.

ಉತ್ತರ ಕೊಟ್ಟದ್ದು ನಿತಿನ್. "ಕೊಯ್ಲಿನವರೆಗೆ ಎಲ್ಲ ವಾರ ನನ್ನದು ಬುಕ್ ಆಗಿದೆ ಟೀಚರ್. ಗಿರಿಜಕ್ಕನೇ ಒಪ್ಪಿದ್ದು." ಅವನು ಅದನ್ನು ಸಂಕೋಚದಿಂದಲೇ ಹೇಳಿದ. ನನಗೆ ಆ ಸಂಕೋಚವೂ ನಾಟಕದಂತೆ ಕಂಡಿತು.

ಊಟಕ್ಕೆ ಎಲೆ ಹಾಕಿದರು. ಜಗಲಿಯ ಉದ್ದಕ್ಕೆ ಎರಡು ಸಾಲು, ಅವನ ತಂಡ ಒಂದು, ನನ್ನದೊಂದು. ನನ್ನ ಸಾಲಿನ ತುದಿಯಲ್ಲಿ, ಎಲ್ಲಕ್ಕಿಂತ ಅಗಲವಾದ, ಸೀಳದ, ತೊಳೆದು ಒರೆಸಿದ ಒಂದು ಎಲೆ. ಗಿರಿಜ ಅದರ ಮುಂದೆ ಮಣೆ ಇಟ್ಟು, "ಕೂತ್ಕೊಳ್ಳಿ ಮೇಡಂ" ಎಂದಳು.

"ನಾನು ಆಮೇಲೆ ಉಣ್ಣುತ್ತೇನೆ."

"ನೆಂಟರನ್ನು ನಿಲ್ಲಿಸ್ಲಿಕ್ಕೆ ಆಗ್ತದಾ?"

ನನ್ನ ತಂಡದಲ್ಲಿ ಹೈದರಾಬಾದಿನ ಒಬ್ಬ ನಿವೃತ್ತ ಇಂಜಿನಿಯರ್ ಇದ್ದರು. ಅವರು, ಎಷ್ಟು ಗೌರವ ನೋಡಿ ನಿಮಗೆ, ಎಂದು ಸಂತೋಷಪಟ್ಟರು. ಅವರಿಗೆ ಹೇಗೆ ಗೊತ್ತಾಗಬೇಕು? ಜಗಲಿಯಲ್ಲಿ ನನಗೆ ಎಲೆ ಹಾಕುವುದೆಂದರೆ ಹೊಸಿಲಿನ ಹೊರಗೆ ನಿಲ್ಲಿಸಿದಂತೆ. ಅದೇ ಹೊತ್ತಿಗೆ ಒಳಗಿನಿಂದ ಸಿಗಡಿ ಹುರಿದ ಪರಿಮಳ ಬಂತು. ನಿತಿನ್ ಒಳಗೆ ಇದ್ದ. ಇನ್ನು ತಡೆಯಲು ಆಗಲಿಲ್ಲ. ಎಲೆ ದಾಟಿ ಸೀದಾ ಅಡುಗೆಮನೆಯ ಬಾಗಿಲಿಗೆ ಹೋದೆ.

"ಗಿರಿಜ, ನಾನು ನಿನಗೆ ಎಂತ ಮಾಡಿದ್ದೇನೆ? ಈ ಹುಡುಗ ಎಂತ ಹೇಳಿದ್ದಾನೆ ನನ್ನ ಬಗ್ಗೆ?"

"ಅವ ಎಂತ ಹೇಳ್ಲಿಲ್ಲ. ನೀವೇ ಹೇಳಿ. ಹೋದ ವರ್ಷ ಕೆಳಗಿನ ಮನೆಯಲ್ಲಿ ಉಂಡದ್ದು ಹೌದಾ ಅಲ್ವಾ?"

ಹೌದು. ಹೋದ ವರ್ಷ ಕೊನೆಯ ತಂಡದ ಒಬ್ಬಾಕೆಯ ಕಾಲು ಉಳುಕಿತ್ತು, ಅಕಾಲದ ಮಳೆ ಬೇರೆ. ಮೇಲಿನ ಮನೆಗೆ ಇನ್ನೊಂದು ಏರು ಹತ್ತಿಸಲಾಗದೆ ಹೊನ್ನಮ್ಮನ ಮನೆಯಲ್ಲಿ ಇಳಿಸಿದ್ದೆ. ಅದನ್ನೇ ಹೇಳಿದೆ. ಈಗಲೂ ಹೇಳುತ್ತೇನೆ, ಅದು ಸರಿಯಾದ ನಿರ್ಧಾರ.

"ಕಾಲು ಉಳುಕಿದವಳು ಉಣ್ಣಲಿ, ಮಲಗಲಿ. ನೀವು ಎಲ್ಲಿ ಕೂತು ಉಂಡದ್ದು?"

"ಒದ್ದೆ ಆಗಿತ್ತಲ್ಲ, ಹೊನ್ನಮ್ಮ ಒಳಗೆ ಒಲೆ ಹತ್ತಿರ..."

"ಅದೇ!" ಎಂದಳು ಗಿರಿಜ. ಕೈಯಲ್ಲಿದ್ದ ಸೌಟು ನನ್ನ ಕಡೆಗೇ ತಿರುಗಿತ್ತು. "ಜಗಲಿಯಲ್ಲಿ ಉಂಡಿದ್ರೆ ನಾನು ಒಂದು ಮಾತು ಹೇಳ್ತಿರ್ಲಿಲ್ಲ. ಅಡಿಗೆಮನೆಗೇ ಹೋದ್ರಿ. ಈ ಸಲ ನೇಜಿ ನೆಡುವಾಗ ಇಡೀ ಗದ್ದೆಗೆ ಕೇಳುವ ಹಾಗೆ ಹೇಳಿದ್ಳು ಅವ್ಳು, ಅಕ್ಕ ನಮ್ಮಲ್ಲಿ ಒಳಗೇ ಉಣ್ಣುದು ಅಂತ. ನಾನು ಬಗ್ಗಿ ನೆಡ್ತಾ ಇದ್ದೆ, ತಲೆ ಎತ್ಲಿಲ್ಲ. ಹತ್ತು ವರ್ಷ ನಾನು ಒಲೆಬುಡದಲ್ಲಿ ಕೂರಿಸಿದ್ದು, ಮಳೆ ಬಂದ ಒಂದು ದಿನಕ್ಕೆ ಅವ್ಳಿಗೆ ಸಿಕ್ಕಿತು!"

ನನಗೆ ಆಗ ನಾಚಿಕೆಯಾಗಬೇಕಿತ್ತು ಎಂದು ಈ ಕಥೆ ಕೇಳಿದವರೆಲ್ಲ ಹೇಳುತ್ತಾರೆ. ಆಗಲಿಲ್ಲ. ಖುಷಿಯಾಯಿತು, ಹೇಳತೀರದ ಖುಷಿ. ಎರಡು ದಿನದಿಂದ ನಾನೊಬ್ಬಳೇ ಬೇಯುತ್ತಿದ್ದೇನೆ ಎಂದುಕೊಂಡಿದ್ದೆ. ಇಲ್ಲಿ ಒಬ್ಬಳು ಇಡೀ ಮಳೆಗಾಲ ನನಗಾಗಿ ಬೆಂದಿದ್ದಳು. ನನ್ನ ಕೆಲಸದ ಬಗ್ಗೆ ಬಂದ ಯಾವ ರಿವ್ಯೂ ಓದಿಯೂ ನನಗೆ ಅಷ್ಟು ಹಿತವಾಗಿರಲಿಲ್ಲ.

"ಅದಕ್ಕೆ ಇವನನ್ನು ಒಳಗೆ ಕೂರಿಸಿದ್ದಾ? ನನಗೆ ಹೊಟ್ಟೆಕಿಚ್ಚು ಆಗ್ಲಿಕ್ಕೆ?"

"ಮತ್ತೆಂತಕ್ಕೆ? ಆಯ್ತಾ ಇಲ್ವಾ?"

"ಆಯ್ತು ಮಾರಾಯ್ತಿ. ಬೇಕಾದಷ್ಟು ಆಯ್ತು."

ಅವಳು ಸೌಟು ಇಳಿಸಿದಳು. ನಿತಿನ್ ತುರಿಮಣೆಯ ಮೇಲೆ ಕೂತವನು ನಮ್ಮಿಬ್ಬರ ಮುಖ ಮಿಕಿಮಿಕಿ ನೋಡುತ್ತಿದ್ದ. "ಹಾಗಾದ್ರೆ ನನ್ನ ಬುಕಿಂಗ್ ಎಲ್ಲ?" ಎಂದು ಕೇಳಿದ ಪಾಪ. ನನ್ನಿಂದ ಮನೆ ಕಸಿದುಕೊಂಡೆ ಎಂದು ಅವನು ಅಳುಕುತ್ತಿದ್ದದ್ದು ನಿಜವೇ ಆಗಿತ್ತು. ಆದರೆ ನಮ್ಮಿಬ್ಬರ ಜಗಳದಲ್ಲಿ ತಾನು ಒಗ್ಗರಣೆ ಮಾತ್ರ ಎಂಬುದು ಅವನಿಗೆ ಆಗಷ್ಟೇ ತಿಳಿದದ್ದು.

"ನೀನು ಸುಮ್ನೆ ಕಾಯಿ ತುರಿ. ಒಂದು ವಾರ ನಿಂದು, ಒಂದು ವಾರ ಅಕ್ಕಂದು. ಇವತ್ತಿನದ್ದು ಹೇಳಿ ಆಗಿದೆ, ಹಾಗೇ ಆಗ್ಲಿ" ಎಂದು ಗಿರಿಜ ಅಲ್ಲಿಯೇ ತೀರ್ಪು ಕೊಟ್ಟಳು. ಬುಕ್ ಆದವರನ್ನು ಹೇಗೆ ಹಂಚಿಕೊಳ್ಳುವುದು ಎಂದು ಅವನೂ ನಾನೂ ಆಮೇಲೆ ಕೂತು ಸರಿಮಾಡಿಕೊಂಡೆವು. ಹನ್ನೊಂದು ವರ್ಷದ ದಾರಿ ಉಳಿಯಿತು, ಅರ್ಧ.

ಹೊರಗಿನಿಂದ ಇಂಜಿನಿಯರ್ ಕೂಗಿದರು, ನಿಮ್ಮ ಎಲೆ ಖಾಲಿ ಇದೆ, ಬನ್ನಿ ಎಂದು. ಗಿರಿಜ ಜಗಲಿಗೆ ಹೋದಳು. ಆ ಅಗಲದ ಎಲೆಯನ್ನು ಎತ್ತಿ, ಮಣೆಯನ್ನು ಕಾಲಿನಿಂದ ಬದಿಗೆ ಸರಿಸಿ, ಎಲ್ಲರ ಎದುರು ಹೇಳಿದಳು: "ಇವ್ರಿಗೆ ಇಲ್ಲಿ ಎಲೆ ಇಲ್ಲ."

ಸಾಲಿನಲ್ಲಿ ಕೂತವರು ಗಾಬರಿಯಾದರು. ಇಂಜಿನಿಯರ್ ಅರ್ಧ ಎದ್ದು, ಹಾಗಾದರೆ ನನ್ನ ಜಾಗದಲ್ಲಿ ಇವರು ಕೂರಲಿ ಎಂದರು. ಒಳ್ಳೆಯ ಮನುಷ್ಯ. ನಾನು ಅನ್ನದ ಪಾತ್ರೆ ಕೈಗೆತ್ತಿಕೊಂಡು ಎರಡೂ ಸಾಲಿಗೆ ಬಡಿಸಿದೆ. ಎಲ್ಲರೂ ಎದ್ದು ಕೈ ತೊಳೆದ ಮೇಲೆ ಒಳಗೆ ಒಲೆಯ ಬಳಿ ಕೂತೆ. ಗಂಜಿ ಬಂತು. ಸಿಗಡಿ ಚಟ್ನಿಯೂ ಬಂತು. ಮೊದಲು ಬಡಿಸಿದ್ದು ನಿತಿನನಿಗೆ. ನಾನು ನೋಡಿದೆ, ನನ್ನ ಬಟ್ಟಲನ್ನು ಮುಂದಕ್ಕೆ ಸರಿಸಿದೆ.

ಈ ಕಸುಬು ಕಲಿಯಬೇಕೆಂದು ಈಗ ನನ್ನ ಬಳಿ ಬರುವವರಿಗೆ ನಾನು ಹೇಳುವುದು ಇದನ್ನೇ. ದಾರಿ, ಮಳೆ, ಜಿಗಣೆ ಇವನ್ನೆಲ್ಲ ಒಂದು ಸೀಸನ್‌ನಲ್ಲಿ ಕಲಿಯಬಹುದು. ನಡೆಯುವಾಗಲೂ ಉಣ್ಣುವಾಗಲೂ ಕೊನೆಯಲ್ಲಿ ಇರುವ ಜಾಗವೇ ನಮ್ಮದು, ಅದನ್ನು ಯಾರಾದರೂ ಕೊಡಬೇಕು, ಕೊಟ್ಟವರನ್ನು ಮರೆಯಬಾರದು. ಯಾರೂ ನಿಮಗಾಗಿ ಹೊಟ್ಟೆಕಿಚ್ಚು ಪಡದ ಊರಿನಲ್ಲಿ ನೀವು ಬರೀ ಗಿರಾಕಿ. ಆದರೆ ಪಾಠ ಕಲಿತಾಯಿತು ಎಂದು ಬೀಗಬಾರದು ಎಂಬುದನ್ನೂ ಸೇರಿಸಿ ಹೇಳುತ್ತೇನೆ, ಏಕೆಂದರೆ ಅದೇ ದಿನ ಮಧ್ಯಾಹ್ನ ನಾನು ಹಾಗೆ ಬೀಗಿಕೊಂಡು ತಂಡದೊಡನೆ ಕೆಳಗಿನ ಮನೆಗೆ ಇಳಿದಿದ್ದೆ.

ಹೊನ್ನಮ್ಮ ಅಂಗಳದಲ್ಲೇ ಕಾದಿದ್ದಳು. "ಬನ್ನಿ ಅಕ್ಕ. ಊಟ ಎಲ್ಲಿ ಹಾಕಿದ್ರು ನಿಮ್ಗೆ, ಒಳಗಾ ಹೊರಗಾ?"

"ಹೊರಗೆ" ಎಂದೆ. ಅವಳ ಮುಖ ಅರಳಿತು. ರಾತ್ರಿಗೆ ನನಗೆ ಒಲೆಯ ಬಳಿಯೇ ಜಾಗ ಎಂದಳು.

ಸಂಜೆ ಗಿರಿಜ ಕರುವನ್ನು ಹುಡುಕುವ ನೆಪದಲ್ಲಿ ಬೇಲಿಯ ಬಳಿ ಬಂದು, ಬೇಕಾದ್ದಕ್ಕಿಂತ ದೊಡ್ಡ ಸ್ವರದಲ್ಲಿ ನನ್ನನ್ನು ಕೇಳಿದಳು: "ಅಕ್ಕ, ಮಧ್ಯಾಹ್ನ ಒಳಗೆ ಉಂಡದ್ದು ಚಟ್ನಿ ಖಾರ ಆಯ್ತಾ?"

ರಾತ್ರಿ ತಲೆನೋವೆಂದು ಉಣ್ಣದೆ ಮಲಗಿಬಿಟ್ಟೆ. ಬೆಳಿಗ್ಗೆ ಎದ್ದು ಬರುವಾಗ ಹೊನ್ನಮ್ಮನ ಜಗಲಿಯಲ್ಲಿ ಸಾಲಾಗಿ ಎಲೆ ಹಾಕಿತ್ತು. ಮೊದಲ ಎಲೆಯಲ್ಲಿ ಬಿಸಿ ಕಡುಬು ಬಡಿಸಿ ಆಗಿತ್ತು, ಮುಂದೆ ಮಣೆಯೂ ಇತ್ತು.

"ಕೂತ್ಕೊಳ್ಳಿ ಮೇಡಂ" ಎಂದಳು ಹೊನ್ನಮ್ಮ. "ನೆಂಟರದ್ದು ಮೊದಲು ಆಗ್ಬೇಕು."