ಪಟಾಲಮ್ಮನ ಸಿಂಬೆ

ಮದರಾಸಿನ ಸ್ಟುಡಿಯೋದಲ್ಲಿ ಹತ್ತು ವರ್ಷ ಕ್ಯಾಮೆರಾ ಹೊತ್ತ ಮುನಿನಾರಾಯಣಪ್ಪ, 1963ರಲ್ಲಿ ತನ್ನದೇ ಮೊದಲ ಚಿತ್ರ ತೆಗೆಯಲು ತನ್ನೂರು ಅಬ್ಬಿಗೆರೆಗೆ ಬಂದ. ಎರಡನೇ ಮಹಾಯುದ್ಧದ ಕಾಲದಲ್ಲಿ ಯಲಹಂಕದ ವಿಮಾನ ಮೈದಾನಕ್ಕೆ ಕಲ್ಲು ಹೊತ್ತ ಊರ ಹೆಂಗಸರನ್ನು ಯಾರೂ ನೆನೆಯುತ್ತಿರಲಿಲ್ಲ. ಅವರಲ್ಲಿ ಉಳಿದವಳು ಅವನ ದೊಡ್ಡಮ್ಮ ಪಟಾಲಮ್ಮ ಒಬ್ಬಳೇ. ಅವನ ಬಳಿಯಿದ್ದದ್ದು ಎರಡೂವರೆ ನಿಮಿಷದ ಒಂದೇ ರೀಲು.

ಕ್ಯಾಮೆರಾ ಗಿರಗುಟ್ಟಿತು. ರೇಷ್ಮೆ ಸೀರೆಯುಟ್ಟ ಪಟಾಲಮ್ಮ, ಫೋಟೋ ತೆಗೆಸಿಕೊಳ್ಳುವವಳಂತೆ ಉಸಿರು ಬಿಗಿಹಿಡಿದು ನಿಂತುಬಿಟ್ಟಳು.

“ಅಲ್ಲಾಡು ದೊಡ್ಡಮ್ಮ, ರೀಲು ಮುಗೀತದೆ!”

“ಅಲ್ಲಾಡಿದ್ರೆ ಮಕ ಕೆಟ್ಟೋಯ್ತದೆ ಕಣೋ” ಎಂದಳು, ತುಟಿ ಬಿಚ್ಚದೆ.

ಜಗಲಿಯಲ್ಲಿದ್ದ ನೆರೆಮನೆಯ ಮರಿಯಮ್ಮ ನಕ್ಕಳು. “ಕಲ್ಲು ಹೊತ್ತೋಳಂತೆ! ಬಿಂದಿಗೆ ಎತ್ತೋಕೂ ಸೊಸೇನ ಕೂಗ್ತಾಳೆ!”

ಪಟಾಲಮ್ಮನಿಗೆ ರೇಗಿತು. ರೇಷ್ಮೆ ಸೆರಗನ್ನೇ ಸಿಂಬೆ ಸುತ್ತಿ ತಲೆಗಿಟ್ಟು, ಅಂಗಳದ ಕಲ್ಲನ್ನು ಅದರ ಮೇಲೇರಿಸಿಕೊಂಡು ನಡೆದೇಬಿಟ್ಟಳು. “ನನ್ನ ಮುಂದೆ ಗೌರಮ್ಮ, ಇಂದೆ ಪಿಳ್ಳಮ್ಮ, ಅವಳಿಂದೆ ಬಸುರಿ ಚಿಕ್ಕತಾಯಿ!”

ಮುನಿನಾರಾಯಣಪ್ಪ ಕ್ಯಾಮೆರಾ ಹಿಡಿದು ಹಿಮ್ಮುಖವಾಗಿ ಓಡಿದ. ಅಂದು ಕಲ್ಲು ಹೊತ್ತವರ ಸಾಲಿನ ಹನ್ನೊಂದನೆಯ ಹೆಸರಿಗೆ ರೀಲು ಮುಗಿಯಿತು. ಆ ಕ್ಯಾಮೆರಾಕ್ಕೆ ಮಾತು ಕೇಳಿಸುವುದಿಲ್ಲವೆಂಬುದು ಆಗ ನೆನಪಾಗಿ, ಒಳಗಿನಿಂದ ಇದ್ದಿಲು ತಂದು ಆ ಹೆಸರುಗಳನ್ನು ಗೋಡೆಯ ಮೇಲೆ ಬರೆಯತೊಡಗಿದ.

“ನಿಲ್ಲಿಸ್ಬೇಡ ದೊಡ್ಡಮ್ಮ! ಆಮೇಲೆ ಯಾರು?”