ಮಚ್ಚಕ್ಕ ಕಟ್ಟಿದ ಮನೆ

ಬೆಳಗಿನ ವ್ಯಾಪಾರ ಮುಗಿಸಿ, ಮಾಂಸ ಕಡಿಯುವ ಕೊರಡಿಗೆ ಉಪ್ಪು ಹಾಕಿ ಉಜ್ಜಿ ತೊಳೆದು, ಏಪ್ರನ್ನನ್ನು ಮೊಳೆಗೆ ತಗುಲಿಸಿದ ಮೇಲೆ ಮಚ್ಚಕ್ಕ ಒಳಕೋಣೆಗೆ ಹೋಗಿ ತಂಗಿಯ ಗಂಡನನ್ನು ಕೊಲ್ಲುತ್ತಿದ್ದಳು. ದಿನಾ ಕೊಲ್ಲುತ್ತಿದ್ದಳು. ಒಂದು ದಿನ ಮಚ್ಚಿನಿಂದ, ಒಂದು ದಿನ ಮಾಂಸ ನೇತುಹಾಕುವ ಕೊಕ್ಕೆಯಿಂದ, ತೀರಾ ತಲೆ ಕೆಟ್ಟ ದಿನ ಬರಿಗೈಯಿಂದ. ಅವನು ಬೀಳುತ್ತಿದ್ದ, ನೆಲದ ತುಂಬಾ ರಕ್ತ ಹರಡುತ್ತಿತ್ತು, ಅವಳು ಗುಂಡಿಯೊಂದನ್ನು ಒತ್ತಿದರೆ ಮತ್ತೆ ಎದ್ದು ನಿಲ್ಲುತ್ತಿದ್ದ. ಸಾಕೆನಿಸಿದ ಮೇಲೆ ಕೈ ತೊಳೆದು ಊಟಕ್ಕೆ ಕೂರುತ್ತಿದ್ದಳು. ಕೊಂದದ್ದು ಕಂಪ್ಯೂಟರಿನಲ್ಲಾದರೂ ಕೈ ತೊಳೆಯುವುದು ಅವಳಿಗೆ ರೂಢಿ.

ಅಪ್ಪ ತೀರಿಕೊಂಡಾಗ, ಮಾಂಸದಂಗಡಿಗೆ ಗಂಡು ದಿಕ್ಕಿಲ್ಲವಾಯಿತಲ್ಲ ಎಂದು ನೆಂಟರು ಲೊಚಗುಟ್ಟಿ ಮುಗಿಸುವಷ್ಟರಲ್ಲಿ ಅವಳು ಮಚ್ಚು ಹಿಡಿದು ಕೊರಡಿನ ಮುಂದೆ ನಿಂತಾಗಿತ್ತು. ಅಂದಿನಿಂದ ಬೀದಿಗೆಲ್ಲ ಅವಳು ಮಚ್ಚಕ್ಕ. ತಂಗಿಯನ್ನು ಹೊಟ್ಟೆಬಟ್ಟೆ ಕಟ್ಟಿ ಸಾಕಿದಳು, ಮದುವೆ ಮಾಡಿಕೊಟ್ಟಳು, ತಾನು ಮಾತ್ರ ಮಾಡಿಕೊಳ್ಳಲಿಲ್ಲ. ಯಾರಾದರೂ ಕೆದಕಿದರೆ, "ನಾನು ಮೂಳೆ ಕಡಿಯೋದು ನೋಡಿದ ಗಂಡು ತಿರುಗಿ ಬಂದಿದ್ರೆ ತಾನೆ" ಎಂದು ನಗುತ್ತಿದ್ದಳು. ಸಿಟ್ಟು ಅವಳಿಗೆ ಮೂಗಿನ ತುದಿಯಲ್ಲಿ. ತೂಕದಲ್ಲಿ ಅನುಮಾನ ಪಟ್ಟ ಗಿರಾಕಿಯ ಮೇಲೆ ಒಮ್ಮೆ ಇಡೀ ಕುರಿ ತೊಡೆಯನ್ನೇ ಬೀಸಿದ್ದಳಂತೆ. ಆ ಗಿರಾಕಿ ಇವತ್ತಿಗೂ ಅಲ್ಲೇ ಕೊಳ್ಳುತ್ತಾನೆ, ತೂಕ ಮಾತ್ರ ನೋಡುವುದಿಲ್ಲ.

ಮಧ್ಯಾಹ್ನದ ಬಿಡುವಿನಲ್ಲಿ ಹೊತ್ತು ಹೋಗದೆ ಶುರುವಾದದ್ದು ಆ ಕಂಪ್ಯೂಟರ್ ಆಟದ ಹುಚ್ಚು. ಅದಕ್ಕೆ ಗುರಿಯಿಲ್ಲ, ಗೆಲುವಿಲ್ಲ. ಖಾಲಿ ಬಯಲೊಂದನ್ನು ಕೊಟ್ಟು, ಬೇಕಾದ್ದು ಕಟ್ಟಿಕೊಳ್ಳಿ, ಬೇಡವಾದವರನ್ನು ಬಡಿದುಕೊಳ್ಳಿ ಎಂದು ಬಿಟ್ಟುಬಿಡುತ್ತದೆ. ಗೋಡೆ, ಗೊಂಬೆ, ಆಯುಧಗಳನ್ನು ಆಡುವವರೇ ತಯಾರಿಸಿ ಹಂಚಿಕೊಳ್ಳುತ್ತಾರೆ. ಹಾಗೆ ಸೇರಿಸುವ ತುಣುಕಿಗೆ ಅವರು 'ಮಾಡ್' ಎನ್ನುತ್ತಾರೆ. ನಿಯಮಗಳೂ ಆಡುವವರವೇ. ಎಷ್ಟು ಏಟಿಗೆ ಬೀಳಬೇಕು, ಬಿದ್ದವನು ಏಳಬೇಕೋ ಬೇಡವೋ, ರಕ್ತ ಎಲ್ಲಿಯವರೆಗೆ ಸಿಡಿಯಬೇಕು, ಎಲ್ಲವನ್ನೂ ಕಟ್ಟಿದವರು ಗೊತ್ತು ಮಾಡಬಹುದು. ಅದರಲ್ಲಿ ಮೂಳೆ ಮುರಿಯುವ ಸದ್ದನ್ನು ಮೊದಲ ಸಲ ಕೇಳಿದಾಗ ಮಚ್ಚಕ್ಕನಿಗೆ ಮೈಯೆಲ್ಲ ಉರಿದುಹೋಯಿತು. "ಇದೇನು ಮೂಳೆನೋ ಬಿಸ್ಕತ್ತೋ?" ಎಂದು ಫೋನನ್ನು ಕೊರಡಿನ ಪಕ್ಕ ಇಟ್ಟು, ತೊಡೆಮೂಳೆ, ಪಕ್ಕೆಮೂಳೆ, ಕೀಲು ಒಂದೊಂದನ್ನೂ ಕಡಿದು ಸದ್ದು ಹಿಡಿದು ಹಂಚಿದಳು. ಅಲ್ಲಿಂದ ಆಡುವವರ ಗುಂಪಿನಲ್ಲಿ ಅವಳ ಹೆಸರು 'ಮೂಳೆ'. ಮುಖ ಕಾಣದ ಎಷ್ಟೋ ಊರುಗಳ ಜನ ಆಟದಲ್ಲಿ ಅವಳು ಕಡಿದ ತೊಡೆಮೂಳೆಯ ಸದ್ದಿಗೆ ಸಾಯುತ್ತಿದ್ದರು. ಅವಳಿಗೆ ಅದರ ಹೆಮ್ಮೆಯೂ ಇತ್ತು.

ಆ ಗುಂಪಿಗೆ ಒಂದು ಕಟ್ಟುಪಾಡು. ಹೊಸದಾಗಿ ಏನು ಕಟ್ಟಿದರೂ ಇನ್ನೊಬ್ಬರಿಗೆ ತೋರಿಸಿ, "ಏನು ತಪ್ಪಿದೆ ಹೇಳು" ಎನ್ನಬೇಕು. ನೋಡಿದವರು ಹೊಗಳುವಂತಿಲ್ಲ, ತಪ್ಪು ಮಾತ್ರ ಹೇಳಬೇಕು. ಕಟ್ಟಿದವರು ಎದುರಾಡದೆ ತಿದ್ದಬೇಕು.

ಇನ್ನು ತಂಗಿಯ ಗಂಡ. ಅವನು ಬಡಗಿ, ಮೆಲುಮಾತಿನವನು, ಅಚ್ಚುಕಟ್ಟು ಎಂದರೆ ಅಚ್ಚುಕಟ್ಟು. ನೆರೆಹೊರೆಯವರ ಮುರಿದ ಕುರ್ಚಿಗೆ ಕಾಲು ಕೂರಿಸಿ ಪುಕ್ಕಟೆ ಕೊಟ್ಟು ಕಳಿಸುವವನು. ಮದುವೆಯ ಹೊಸತರಲ್ಲಿ, ಅಂಗಡಿಯ ಒಳಕೋಣೆಗೆ ಬೆಕ್ಕು ನುಗ್ಗುತ್ತದೆಂದು ಕೇಳಿ ತಾನೇ ಬಂದು ದಪ್ಪ ಮರದ ಬಾಗಿಲು ನಿಲ್ಲಿಸಿ, ಹೊರಗಿನಿಂದ ಉದ್ದದ ಚಿಲಕ ಹಾಕಿಕೊಟ್ಟಿದ್ದ. "ಇದನ್ನ ಮುರಿಯೋಕೆ ಆನೆನೇ ಬರ್ಬೇಕು ಅಕ್ಕಾ" ಎಂದು ಬಾಗಿಲನ್ನು ತಟ್ಟಿದ್ದ. ತಂಗಿ ಪುಣ್ಯವಂತೆ ಎಂದು ಮಚ್ಚಕ್ಕ ಅಂದುಕೊಂಡಳು. ಮನೆಗೆ ಮಾರಿ, ಊರಿಗೆ ಉಪಕಾರಿ ಎಂಬ ಗಾದೆ ಆಗ ನೆನಪಾಗಲಿಲ್ಲ. ಗಾದೆಗಳ ಹಣೆಬರಹವೇ ಅಷ್ಟು, ಎಲ್ಲಾ ಮುಗಿದ ಮೇಲೆ ನೆನಪಾಗುತ್ತವೆ.

ಮೊದಲು ಕಣ್ಣಿನ ಕೆಳಗೆ ನೀಲಿ. "ಕಪಾಟಿನ ಬಾಗಿಲು ತಾಗ್ತು" ಎಂದಳು ತಂಗಿ. ಆಮೇಲೆ ಉಸಿರೆಳೆದರೆ ಪಕ್ಕೆ ಹಿಡಿದುಕೊಳ್ಳುವಳು. "ಬಚ್ಚಲಲ್ಲಿ ಜಾರಿದೆ" ಎಂದಳು. ದಿನವಿಡೀ ಮೂಳೆಯ ಜೊತೆ ಬಾಳುವ ಮಚ್ಚಕ್ಕನಿಗೆ ಬಿದ್ದ ಮೈಗೂ ಬಡಿತ ತಿಂದ ಮೈಗೂ ವ್ಯತ್ಯಾಸ ತಿಳಿಯದೇ? ಒಮ್ಮೆ ತಡೆಯಲಾರದೆ ಕೈಯಲ್ಲಿ ಮಚ್ಚು ಹಿಡಿದೇ ಅವರ ಮನೆಗೆ ಹೋದಳು. ಬಾಗಿಲು ತೆರೆದ ತಂಗಿ ಅಡ್ಡ ನಿಂತು, "ನಂಗೇನೂ ಆಗಿಲ್ಲ. ಇನ್ನೊಂದ್ಸಲ ಹೀಗೆ ಬಂದ್ರೆ, ಇದರ ಬಗ್ಗೆ ಕೇಳಿದ್ರೆ, ನಾನು ನಿನ್ನ ಮುಖ ನೋಡಲ್ಲ" ಎಂದಳು. ಹೇಳಿದಂತೆ ಎಷ್ಟೋ ತಿಂಗಳು ಅಂಗಡಿಯ ಕಡೆ ತಲೆ ಹಾಕಲಿಲ್ಲ. ಮತ್ತೆ ಬಂದಾಗ ಬಾಯಲ್ಲಿ ಒಂದು ಹಲ್ಲಿರಲಿಲ್ಲ. ಕೇಳಿದರೆ ತಂಗಿ ಬರುವುದಿಲ್ಲ, ಕೇಳದಿದ್ದರೆ ಒಂದು ದಿನ ಅವಳ ಹೆಣ ಬರುತ್ತದೆ. ಮಚ್ಚಕ್ಕ ಹಲ್ಲುಕಚ್ಚಿ ಬಾಯಿಗೆ ಬೀಗ ಹಾಕಿಕೊಂಡಳು. ಕೈ ಮಾತ್ರ ಸುಮ್ಮನಿರಲೊಲ್ಲದು. ಆ ಕೈಗೆ ಕೆಲಸ ಕೊಡಲೆಂದೇ ಅವಳು ಆಟದೊಳಗೆ ತಂಗಿಯ ಮನೆಯನ್ನು ಕಟ್ಟಿದ್ದು, ಅದರೊಳಗೆ ಆ ಬಡಗಿಯನ್ನು ನಿಲ್ಲಿಸಿದ್ದು.

ಒಂದು ಮಧ್ಯಾಹ್ನ ತಂಗಿ ಬಂದು ಬೆನ್ನ ಹಿಂದೆ ನಿಂತದ್ದು ಅವಳಿಗೆ ತಿಳಿಯಲಿಲ್ಲ. ಪರದೆಯ ಮೇಲೆ ಬಡಗಿ ಕತ್ತಿನಲ್ಲಿ ಮಚ್ಚು ಸಿಕ್ಕಿಸಿಕೊಂಡು ಅಡುಗೆಮನೆಯಲ್ಲಿ ಒದ್ದಾಡುತ್ತಿದ್ದ.

"ಇದು ನಮ್ಮನೆ ಅಲ್ವಾ ಅಕ್ಕಾ?"

ಮಚ್ಚಕ್ಕ ತಿರುಗಿ ನೋಡಿದರೆ ತಂಗಿಯ ಬಲಗೈಗೆ ಬಟ್ಟೆ ಸುತ್ತಿದೆ, ಎರಡು ಬೆರಳು ಊದಿ ಬದನೆಕಾಯಿಯ ಬಣ್ಣಕ್ಕೆ ತಿರುಗಿವೆ. ಇನ್ನು ಇವಳು ಎದ್ದು ಹೋಗುತ್ತಾಳೆ, ತಿರುಗಿ ಬರುವುದಿಲ್ಲ ಎಂದು ಹೆದರಿದವಳ ಬಾಯಿಂದ, ಗುಂಪಿನಲ್ಲಿ ನಾಲಿಗೆಗೆ ರೂಢಿಯಾಗಿದ್ದ ಮಾತು ಹೊರಬಿತ್ತು.

"ಏನು ತಪ್ಪಿದೆ ಹೇಳು."

ಅಂದ ಮೇಲೆ ನಾಲಿಗೆ ಕಚ್ಚಿಕೊಂಡಳು. ತಂಗಿ ಮಾತ್ರ ಖಾಲಿ ಡಬ್ಬವೊಂದನ್ನು ಕಾಲಿನಿಂದ ಎಳೆದುಕೊಂಡು ಕೂತಳು.

"ಒಲೆ ಈ ಕಡೆ ಬರ್ಬೇಕು. ಕಿಟಕಿ ಹತ್ರ."

ಮಚ್ಚಕ್ಕ ಒಲೆ ಸರಿಸಿದಳು.

"ಇವರು ಚಪ್ಪಲಿ ಹಾಕ್ಕೊಂಡು ಒಳಗೆ ಬರಲ್ಲ. ಹೊರಗೆ ಬಿಟ್ಟು, ಜೋಡಿಸಿಟ್ಟು ಬರ್ತಾರೆ. ಹೀಗೆ ಕೂಗಾಡೋದೂ ಇಲ್ಲ. ಮೊದಲು ರೇಡಿಯೋ ಜೋರು ಮಾಡ್ತಾರೆ."

ಮಚ್ಚಕ್ಕನ ಬೆರಳು ನಿಂತವು. ಈಗ ಮುಖವೆತ್ತಿ ತಂಗಿಯನ್ನು ನೋಡಿದರೆ ಈ ಮಾತು ಇಲ್ಲಿಗೇ ನಿಲ್ಲುತ್ತದೆ ಎಂದು ಅವಳಿಗೆ ಗೊತ್ತಾಯಿತು. ಎದುರಾಡದೆ ತಿದ್ದಬೇಕು. ಗೋಡೆಗೆ ಒಂದು ರೇಡಿಯೋ ಇಟ್ಟಳು. ಮೊದಲು ಹಾಡು ಜೋರಾಗಬೇಕು, ಆಮೇಲೆ ಅವನು ಹೆಜ್ಜೆ ಎತ್ತಬೇಕು ಎಂದು ನಿಯಮ ಬರೆದಳು.

"ಇವರ ಕೈಯಲ್ಲಿ ಆ ದೊಣ್ಣೆ ಅಲ್ಲ. ಅಳತೆಯ ಮರದ ಪಟ್ಟಿ. ಬಾಗಿಲ ಮೇಲೆ ಇಟ್ಟಿರ್ತಾರೆ. ಮುಖಕ್ಕೆ ಹೊಡೆಯೋದು ಬಿಟ್ಟಿದಾರೆ, ಜನಕ್ಕೆ ಕಾಣುತ್ತೆ ಅಂತ. ಪಕ್ಕೆ, ತೊಡೆ, ಅಂಗಾಲು."

ಒಲೆಯ ಮುಂದಿನ ತಂಗಿಯ ಗೊಂಬೆ ಎಷ್ಟು ಏಟಿಗೆ ಬೀಳಬೇಕು ಎಂಬಲ್ಲಿ ಮಚ್ಚಕ್ಕ ಮೂರು ಎಂದು ಬರೆದಿದ್ದಳು. "ಅಷ್ಟಕ್ಕೆಲ್ಲ ಬೀಳಲ್ಲ ನಾನು" ಎಂದಳು ತಂಗಿ. ಮಚ್ಚಕ್ಕ ಸಂಖ್ಯೆಯನ್ನು ಏರಿಸಿದಳು, ಮತ್ತೆ ಏರಿಸಿದಳು, ತಂಗಿ ಸಾಕು ಎನ್ನುವವರೆಗೂ ಏರಿಸುತ್ತಲೇ ಹೋದಳು. ಕಣ್ಣು ಮಂಜಾಗಿ ಪರದೆ ಕಾಣದಾಯಿತು.

"ಇದೂ ತಪ್ಪು. ಮಲಗೋ ಕೋಣೆ ಚಿಲಕ ಒಳಗಿಟ್ಟಿದೀಯ."

"ಮತ್ತೆಲ್ಲಿಡಲಿ?"

"ಹೊರಗೆ. ಒಳಗಿದ್ದದ್ದನ್ನ ಬಿಚ್ಚಿ ಹೊರಗೆ ಹಾಕಿದಾರೆ. ಹಳೇ ತೂತಿಗೆಲ್ಲ ಮರದ ಪುಡಿ ತುಂಬಿ ಪಾಲಿಶ್ ಹೊಡೆದಿದಾರೆ, ಕೈಯಾಡಿಸಿದ್ರೂ ಗೊತ್ತಾಗಲ್ಲ. ಬಿಡಬೇಕು ಅನ್ನಿಸಿದ ದಿನ ಬಿಡ್ತಾರೆ, ಇಲ್ಲಾಂದ್ರೆ ಹಾಕ್ಕೊಂಡು ಕೆಲಸಕ್ಕೆ ಹೋಗ್ತಾರೆ. ಇವತ್ತು ಹಾಕೋದು ಮರೆತ್ರು."

ಮಚ್ಚಕ್ಕ ಚಿಲಕವನ್ನು ಹೊರಗಿಟ್ಟಳು. ತಂಗಿ ಎಡಗೈ ಚಾಚಿ, "ಕೊಡು, ಆಡ್ತೀನಿ" ಎಂದಳು. ಅವಳು ಮಚ್ಚು ಹಿಡಿದ ಗೊಂಬೆಯನ್ನು ಆರಿಸಲಿಲ್ಲ. ಒಲೆಯ ಮುಂದೆ ಬರಿಗೈಯಲ್ಲಿ ನಿಂತಿದ್ದ ಪುಟ್ಟ ಗೊಂಬೆಯೊಳಗೆ ಹೊಕ್ಕಳು. ರೇಡಿಯೋ ಜೋರಾಯಿತು. ಅವನು ಬಂದ. ಪಟ್ಟಿ ಪಕ್ಕೆಗೆ ಬಿತ್ತು, ತೊಡೆಗೆ ಬಿತ್ತು, ಬೀಳುತ್ತಲೇ ಹೋಯಿತು. ಕೊನೆಗೆ ಮಚ್ಚಕ್ಕ ಕೊರಡಿನ ಮೇಲೆ ಹೆಮ್ಮೆಯಿಂದ ಹಿಡಿದ ಆ ತೊಡೆಮೂಳೆಯ ಸದ್ದು ಕೋಣೆಯ ತುಂಬಾ ಕೇಳಿಸಿತು.

ತಂಗಿ ತಲೆ ಓರೆ ಮಾಡಿ ಆಲಿಸಿದಳು. "ಈ ಸದ್ದು ಸರಿಯಾಗಿದೆ" ಎಂದಳು.

ತಂಗಿ ಎರಡನೇ ಸಲ ಆಡಿದಳು. ಈ ಸಲ ರೇಡಿಯೋ ಜೋರಾದೊಡನೆ ಗೊಂಬೆಯನ್ನು ಓಡಿಸಿ ಮುಂಬಾಗಿಲು ದಾಟಿಸಿದಳು. ಗೊಂಬೆ ಬೂದುಬಣ್ಣದ ಪಾತಾಳಕ್ಕೆ ಬಿದ್ದು ಮಾಯವಾಯಿತು.

"ಹೊರಗೆ ಏನೂ ಇಲ್ವಲ್ಲ?"

"ಕಟ್ಟಿಲ್ಲ."

"ಯಾಕೆ?"

"ಅವನನ್ನ ಕೊಲ್ಲೋಕೆ ಮನೆಯಷ್ಟೇ ಸಾಕಿತ್ತು."

ಹೇಳುತ್ತಿದ್ದಂತೆ ಮಚ್ಚಕ್ಕನಿಗೆ ತನ್ನ ಮೇಲೇ ಹೇಸಿಗೆಯಾಯಿತು. ಅವನನ್ನು ಸಾಯಿಸಲು ನೂರು ದಾರಿ ಹುಡುಕಿದವಳು ತಂಗಿ ಹೊರಗೆ ಬರಲು ಒಂದು ಬೀದಿ ಕಟ್ಟಿರಲಿಲ್ಲ. "ಹೋಗ್ಬೇಡ. ಇಲ್ಲೇ ಇದ್ದುಬಿಡು" ಎಂದು ತಂಗಿಯ ಮೊಣಕೈ ಹಿಡಿದಳು.

"ಬಿಡ್ತಾರಾ? ಇಲ್ಲಿಗೇ ಬರ್ತಾರೆ."

ಅಂಗಡಿಯ ಕಪಾಟಿನ ಮೇಲೆ ಮೆಲ್ಲಗೆ ಹಾಡುತ್ತಿದ್ದ ರೇಡಿಯೋ ಇದ್ದಕ್ಕಿದ್ದಂತೆ ಜೋರಾಯಿತು.

ಅಕ್ಕತಂಗಿಯರು ಒಬ್ಬರ ಮುಖ ಒಬ್ಬರು ನೋಡಿದರು. ಒಳಕೋಣೆಯಿಂದ ಹೊರಗೆ ಬಂದಾಗ ಅಂಗಡಿಯ ಹೊಸ್ತಿಲಾಚೆ ಚಪ್ಪಲಿ ಜೋಡಿಸಿಟ್ಟಿತ್ತು, ಬಡಗಿ ಕೊರಡಿನ ಪಕ್ಕ ನಗುತ್ತಾ ನಿಂತಿದ್ದ. "ಕ್ಷಮಿಸಿ ಅಕ್ಕಾ, ಇವಳು ಹೇಳದೆ ಬಂದಿದಾಳೆ. ಬಾ, ಮನೆಗೆ ಹೋಗೋಣ" ಎಂದು ಹೆಂಡತಿಯ ಬಟ್ಟೆ ಸುತ್ತಿದ ಕೈಯನ್ನೇ ಹಿಡಿದು, ನಗು ಮಾಸದಂತೆ ಹಿಂಡಿದ. ತಂಗಿ ಎಡಗೈಯಿಂದ ಕೊರಡನ್ನು ಬಿಗಿಯಾಗಿ ಹಿಡಿದುಕೊಂಡಳು.

ಮಚ್ಚಕ್ಕನ ಕೈಗೆ ಮಚ್ಚು ಬಂದದ್ದು ಅವಳಿಗೇ ಗೊತ್ತಾಗಲಿಲ್ಲ. ದಿನಾ ಕೊಂದು ಪಳಗಿದ ಕೈ ತಾನಾಗಿ ಮೇಲೆದ್ದಿತು. ಕತ್ತಿನ ಯಾವ ಜಾಗ ಎಂಬುದೂ ಅದಕ್ಕೆ ತಿಳಿದಿತ್ತು. "ಬೇಡ ಅಕ್ಕಾ! ನೀನೂ ಜೈಲಿಗೆ ಹೋದ್ರೆ ನಂಗ್ಯಾರಿದಾರೆ?" ಎಂದು ತಂಗಿ ಚೀರಿದಳು. ಕೈ ರೆಪ್ಪೆ ಬಡಿಯುವಷ್ಟು ಹೊತ್ತು ತಡೆಯಿತು. ಅಷ್ಟು ಸಾಕಾಯಿತು ಅವನಿಗೆ. ಮಚ್ಚು ಮಸೆಯುವ ಕಬ್ಬಿಣದ ಸರಳನ್ನು ಎತ್ತಿ ಅವಳ ಕಣತಲೆಗೆ ಬಾರಿಸಿದ. ಮಚ್ಚು ಹಾರಿ ಕೊರಡಿನಡಿಗೆ ಸೇರಿತು, ಅವಳು ನೆಲಕ್ಕೆ ಬಿದ್ದಳು. ಎರಡನೆಯ ಏಟು ಹೆಗಲಿಗೆ. ಆ ಸದ್ದನ್ನು ಮಚ್ಚಕ್ಕ ಈ ಸಲ ತನ್ನ ಮೈಯೊಳಗಿನಿಂದ ಕೇಳಿದಳು. ತಂಗಿ ಹೇಳಿದ್ದು ನಿಜ, ಸದ್ದು ಸರಿಯಾಗಿತ್ತು.

ಮೂರನೆಯ ಏಟಿಗೆ ಸರಳೆತ್ತಿದವನ ಕಣ್ಣು ತೆರೆದ ಒಳಕೋಣೆಯ ಮೇಲೆ ಬಿತ್ತು. ಪರದೆಯ ಮೇಲೆ ಅವನದೇ ಮನೆ, ಅವನದೇ ರೇಡಿಯೋ, ಕೈಯಲ್ಲಿ ಮರದ ಪಟ್ಟಿ ಹಿಡಿದು ನಿಂತ ಅವನೇ. ಒಂದು ಕ್ಷಣ ಅರ್ಥವಾಗದೆ ನೋಡಿದ. ಅರ್ಥವಾದಾಗ ಮುಖದ ನಗು ಹೋಯಿತು. ಒಳಗೆ ನುಗ್ಗಿ ಪರದೆಗೆ ಸರಳು ಬೀಸಿದ. ಗಾಜು ಪುಡಿಯಾಯಿತು, ಅವನು ಬೀಸುವುದನ್ನು ನಿಲ್ಲಿಸಲಿಲ್ಲ. ಅವನ ಬೆನ್ನು ಬಾಗಿಲಿಗಿತ್ತು.

ತಂಗಿ ಎಡಗೈಯಲ್ಲಿ ಬಾಗಿಲೆಳೆದು ಚಿಲಕ ಜಡಿದಳು.

ಒಳಗಿಂದ ಒದೆತ ಬಿತ್ತು, ಸರಳಿನ ಏಟು ಬಿತ್ತು. ಬಾಗಿಲು ಅಲುಗಲಿಲ್ಲ; ಕೆಲಸ ಅಷ್ಟು ಅಚ್ಚುಕಟ್ಟಾಗಿತ್ತು. "ತೆಗಿಯೇ! ಕೊಂದ್ಹಾಕಿಬಿಡ್ತೀನಿ! ಅವಳನ್ನೂ ಕೊಚ್ತೀನಿ, ನಿನ್ನನ್ನೂ ಕೊಚ್ತೀನಿ!" ಎಂದು ಅವನು ಅರಚುತ್ತಿದ್ದ. ರೇಡಿಯೋದ ಹಾಡಿನಲ್ಲಿ ಅದು ಬೀದಿಗೆ ಕೇಳುತ್ತಿರಲಿಲ್ಲ. ತಂಗಿ ಕಪಾಟಿನ ಹತ್ತಿರ ಹೋಗಿ ರೇಡಿಯೋ ಆರಿಸಿದಳು.

ಮೆಲುಮಾತಿನ ಬಡಗಿಯ ದನಿ ಮೊದಲ ಸಲ ಇಡೀ ಬೀದಿಗೆ ಕೇಳಿಸಿತು. ಎದುರಂಗಡಿಯ ದರ್ಜಿ ಕತ್ತರಿ ಹಿಡಿದೇ ಓಡಿಬಂದ. ಅವನ ಹಿಂದೆ ಇನ್ನೂ ಕೆಲವರು ಬಂದು ನೆಲದ ಮೇಲಿನ ರಕ್ತ ಕಂಡು ಹೊಸ್ತಿಲಲ್ಲೇ ನಿಂತರು. ಹಾಡು ನಿಂತದ್ದು ಒಳಗಿದ್ದವನಿಗೂ ತಿಳಿಯಿತು. ದನಿ ಒಮ್ಮೆಲೇ ಬೆಣ್ಣೆಯಾಯಿತು. "ಬಂಗಾರ, ಬಾಗಿಲು ತೆಗಿ. ಜನ ಏನಂದ್ಕೋತಾರೆ? ಜಾರಿ ಬಿದ್ರು ಅಕ್ಕ ಅಂತ ಹೇಳು."

"ಏನಾಯ್ತಮ್ಮಾ?" ಎಂದ ದರ್ಜಿ.

ತಂಗಿಯ ಎಡಗೈ ಚಿಲಕದ ಮೇಲಿತ್ತು. ಕೆಳಗೆ ಬಿದ್ದಿದ್ದ ಮಚ್ಚಕ್ಕ ರಕ್ತ ಇಳಿಯುವ ಕಣ್ಣಿನಿಂದ ಆ ಕೈಯನ್ನೇ ನೋಡುತ್ತಿದ್ದಳು. ಕಪಾಟಿನ ಬಾಗಿಲು ತಾಗಿತು, ಬಚ್ಚಲಲ್ಲಿ ಜಾರಿದೆ ಎನ್ನುತ್ತಿದ್ದ ಬಾಯಿ ಅವಳದು. ಈಗಲೂ ಹಾಗೆಯೇ ಅಂದುಬಿಟ್ಟರೆ? ಕೂಗಬೇಕೆಂದರೆ ಮಚ್ಚಕ್ಕನಿಗೆ ಉಸಿರು ಸಾಲಲಿಲ್ಲ. ಅವಳ ಕೈಲಾದದ್ದು ಒಂದೇ ಮಾತು, ಅದನ್ನೇ ಪಿಸುಗುಟ್ಟಿದಳು. "ಏನು ತಪ್ಪಿದೆ ಹೇಳು."

ತಂಗಿ ಚಿಲಕವನ್ನು ಇನ್ನಷ್ಟು ಒಳಕ್ಕೆ ದೂಡಿ, ಬೀದಿಯವರ ಕಡೆ ತಿರುಗಿ ಬಾಗಿಲಿಗೆ ಬೆನ್ನು ಕೊಟ್ಟು ನಿಂತಳು.

"ಮೊದಲು ರೇಡಿಯೋ ಜೋರು ಮಾಡ್ತಾನೆ" ಎಂದು ಶುರುಮಾಡಿದಳು.